ಮಾತಿನ ಸಂತೆ: ಮದ್ದು, ಮಂದು

ಹೋದ ಸಂಚಿಕೆಯಲ್ಲಿ ‘ಕಂಪು’ ಎಂಬ ಮಾತಿನ ಅವಾಂತರವನ್ನು ಬರೆದಿದ್ದೆನಷ್ಟೆ. ರಾಜ್ಯೋತ್ಸವಕ್ಕೆ ‘ಕನ್ನಡದ ಕಂಪು’ ಎಂದು ಬಟ್ಟೆಯ ಮೇಲೆ ದಪ್ಪಕ್ಷರದಲ್ಲಿ ಬರೆಸಿ ಕಟ್ಟಿದ್ದೆವು. ಲಿಪಿ ಹೆಚ್ಚು ಕಡಮೆ ಒಂದೇ ಆದ್ದರಿಂದ ನೆರೆಮನೆಯ ತೆಲುಗರು ಅದನ್ನು ಸಲೀಸಾಗಿ ಓದಿಕೊಂಡು, ‘ನಿಮ್ಮ ಭಾಷೆಯನ್ನು ನೀವೇ ಹೀಗೆ ಹಳಿದುಕೊಳ್ಳುವುದೆ?’ ಎಂದು ಮರುಗಿದ ಕಥೆ ಅದು. ನಮ್ಮ ಕಂಪು ಮಲ್ಲಿಗೆಯದು, ಅವರ ಕಂಪು ಮೋರಿಯದು. ಬೀದಿಮಾತಿನಲ್ಲಂತೂ ಯಾರಾದರೂ ಕೆಲಸ ಕೆಡಿಸಿಟ್ಟರೆ ‘ಕಂಪು ಚೇಶಾಡು’ ಎನ್ನುತ್ತಾರೆ. ವಿಜಯವಾಡದ ಓದುಗರೊಬ್ಬರು ಕಾಗದ ಬರೆದು, ‘ಹಾಗಾದರೆ ಅದೇ ತೆಲುಗರು ರುಚಿಯಾದ ಪದಾರ್ಥಕ್ಕೆ ಕಮ್ಮನಿ ಎನ್ನುವುದೇಕೆ?’ ಎಂದು ಕೇಳಿದ್ದಾರೆ. ನಮ್ಮ ‘ಕಮ್ಮನೆ’ಯೇ ಅದು, ಸ್ವಾಮಿ. ಬೇರು ಒಂದೆ, ಒಂದು ಕೊಂಬೆ ಅತ್ತ ಬಾಗಿತು, ಇನ್ನೊಂದು ಇತ್ತ.

ಈ ಸಲದ ಮಾತು ‘ಮದ್ದು’. ಇದನ್ನು ಬರೆಯಬೇಕೆಂದು ಬಹಳ ದಿನದಿಂದ ಇದ್ದರೂ ಕೈ ಏಳುತ್ತಿರಲಿಲ್ಲ. ಕಾರಣ ಮುಂದೆ ತಿಳಿದೀತು.

ಕರಾವಳಿಯ ಕಡೆಯವರಾದ ನಮಗೆ ಮದ್ದೆಂದರೆ ಔಷಧ, ಮುಗಿಯಿತು. ಬೆಂಗಳೂರು ಮೈಸೂರಿನವರು ಔಷಧಿ ಎಂಬ ಸಂಸ್ಕೃತದ ಮಾತನ್ನು ಹಿಡಿದು, ಮದ್ದನ್ನು ಮನೆಮದ್ದಿಗೂ ಕೋವಿಗೂ ಬಿಟ್ಟುಕೊಟ್ಟಿದ್ದಾರೆ. ಹಳಗನ್ನಡದಲ್ಲಿ ಇದು ‘ಮರ್ದು’. ತುಳುವಿನಲ್ಲಿ ಇಂದಿಗೂ ಮರ್ದ್. ತಮಿಳರದು ಮರುಂದು, ಮಲೆಯಾಳಿಗಳದು ಮರುನ್ನು, ತೆಲುಗರದು ಮಂದು. ತಮಿಳರು ಉಳುಂದು ಎನ್ನುವ ಕಾಳು ತುಳುವರಲ್ಲಿ ಉರ್ದು ಆಗಿ ನಮ್ಮಲ್ಲಿ ಉದ್ದು ಆಗಿದೆಯಲ್ಲ, ಮದ್ದು ನಡೆದದ್ದೂ ಅದೇ ದಾರಿ. ಹಾಗೆಂದು ತಮಿಳಿನಿಂದ ಬಂತೆಂದಲ್ಲ. ಎಲ್ಲರೂ ಒಂದು ಮನೆಯಿಂದ ಬೇರೆಯಾಗಿ ಹೋದ ಅಣ್ಣತಮ್ಮಂದಿರು. ಬರೋ ಮತ್ತು ಎಮೆನೋ ಎಂಬ ಇಬ್ಬರು ವಿದ್ವಾಂಸರ ದ್ರಾವಿಡ ನಿಘಂಟು 1961ರಲ್ಲಿ ಹೊರಬಂತು; ಅದರಲ್ಲಿ ಇವರೆಲ್ಲ ಒಂದೇ ಪಂಕ್ತಿಯಲ್ಲಿ ಕುಳಿತಿದ್ದಾರೆ. ಆದರೆ ‘ಮದ್ಯ’ ಆ ಪಂಕ್ತಿಯವನಲ್ಲ. ಅದು ಸಂಸ್ಕೃತದ ಮಾತು, ಮದವೇರಿಸುವಂಥದು. ಮದ್ದಿಗೂ ಮದ್ಯಕ್ಕೂ ಹುಟ್ಟಿನ ನಂಟಿಲ್ಲ.

ಮದ್ದು ಎಂದೂ ಒಂದೇ ಅರ್ಥಕ್ಕೆ ಅಂಟಿಕೊಂಡು ಕುಳಿತದ್ದಲ್ಲ. ಕಾಯಿಲೆ ಗುಣಮಾಡುವುದೂ ಮದ್ದು, ಕೋವಿಯಲ್ಲಿ ತುಂಬುವುದೂ ಮದ್ದು. ಶ್ರೀರಂಗಪಟ್ಟಣದಲ್ಲಿ ಟಿಪ್ಪುವಿನ ಕಾಲದ ಮದ್ದಿನ ಮನೆಯೊಂದು ರೈಲಿನ ಜೋಡಿ ಹಳಿಗೆ ಅಡ್ಡ ಬಂದಾಗ, ಅದನ್ನು ಕೆಡವದೆ 2017ರಲ್ಲಿ ಇಡಿಯಾಗಿ ಎತ್ತಿ ಆಚೆ ಸರಿಸಿದರು. ಸುದ್ದಿ ಕೇಳಿದ ನಮ್ಮ ಅಜ್ಜಿ, ‘ಆಸ್ಪತ್ರೆಯನ್ನು ಎತ್ತಿ ಇಟ್ಟರಂತೆ’ ಎಂದು ಊರಿಗೆಲ್ಲ ಹೇಳಿದ್ದರು. ಅನ್ನದಲ್ಲಿ ಕಲಸಿ ಗಂಡನನ್ನು ವಶಮಾಡಿಕೊಳ್ಳಲು ಹಾಕುವರೆಂಬ ಪುಕಾರಿನ ವಸ್ತುವೂ ಮದ್ದೇ; ತೆಲುಗರೂ ‘ಮಂದು ಪೆಟ್ಟಿಂದಿ’ ಎನ್ನುತ್ತಾರೆ. ಹತ್ತಿಗಿಡದ ಹುಳಕ್ಕೆ ಹೊಡೆಯುವುದು ಇವರ ಭಾಷೆಯಲ್ಲಿ ‘ಪುರುಗುಲ ಮಂದು’. ಸಾಲದ ರೈತನೊಬ್ಬ ಮಂದು ಕುಡಿದನೆಂದು ಪತ್ರಿಕೆಯಲ್ಲಿ ಓದಿದರೆ ಅದು ಈ ಮಂದು. ಬದುಕಿಸುವುದಕ್ಕೂ ಸಾಯಿಸುವುದಕ್ಕೂ ಒಂದೇ ಹೆಸರು ಇಟ್ಟುಕೊಂಡವರು ನಾವೊಬ್ಬರೇ ಅಲ್ಲ. ಗ್ರೀಕರ ‘ಫಾರ್ಮಕಾನ್’ ಔಷಧವೂ ಹೌದು, ವಿಷವೂ ಹೌದು. ಇಂಗ್ಲಿಷಿನ ‘ಡ್ರಗ್’ ಇಂದು ಔಷಧದಂಗಡಿಯಲ್ಲೂ ಇದೆ, ಪೋಲೀಸ್ ಠಾಣೆಯಲ್ಲೂ ಇದೆ. ಇಂಗ್ಲಿಷರು ಉಡುಗೊರೆಗೆ ಹೇಳುವ ‘ಗಿಫ್ಟ್’ ಜರ್ಮನರಲ್ಲಿ ವಿಷ.

ಇಂಥ ಗೊಂದಲವೇ ಬೇಡವೆಂದು ವಾರ್ಸಾ ನಗರದ ಕಣ್ಣಿನ ವೈದ್ಯ ಜಾಮೆನ್‌ಹಾಫ್ 1887ರಲ್ಲಿ ಎಸ್ಪೆರಾಂಟೊ ಎಂಬ ಹೊಸ ಭಾಷೆಯನ್ನೇ ಕಟ್ಟಿ ಪುಸ್ತಕ ಹೊರಡಿಸಿದ. ಅವರವರ ಭಾಷೆ ಅವರಿಗಿರಲಿ, ನಡುವೆ ಎಲ್ಲರಿಗೂ ಒಂದಿರಲಿ ಎಂಬುದು ಅವನ ಆಸೆ. ಆ ಭಾಷೆಯಲ್ಲಿ ‘ಫೊರೆಸ್ಟೊ’ ಎಂದರೆ ಗೈರುಹಾಜರಿ. ಇಟಲಿಯವನ ಕಿವಿಗೆ ಅದು ‘ಫೊರೆಸ್ಟಾ’ ಎಂದು ಬಿದ್ದರೆ, ಕಾಡು. ವೆನಿಸ್ಸಿನ ಓಣಿಗಳ ಆಡುಮಾತಿನಲ್ಲಿ ‘ಫೊರೆಸ್ಟೊ’ ಎಂದರೆ ಹೊರಗಿನಿಂದ ಬಂದವ, ಪರಸ್ಥಳದವ. ಪಾಪ, ಕಣ್ಣಿನ ಡಾಕ್ಟರು ಕಿವಿಯ ವಿಷಯವನ್ನು ಅಷ್ಟಾಗಿ ಯೋಚಿಸಿರಲಾರ.

ಈಗ ಬೀದಿಮಾತಿಗೆ ಬರೋಣ. ತೆಲುಗಿನ ಆಡುಮಾತಿನಲ್ಲಿ ಮಂದು ಎಂದರೆ ಹೆಂಡ, ಬ್ರಾಂದಿ ಇತ್ಯಾದಿ. ‘ಮಂದುಲ ಷಾಪು’ ಔಷಧದ ಅಂಗಡಿ. ನಡುವಿನ ಒಂದು ‘ಲ’ಕಾರ ಬಿದ್ದುಹೋಗಿ ‘ಮಂದು ಷಾಪು’ ಆಯಿತೋ, ಅಲ್ಲಿಗೆ ಮರ್ಯಾದಸ್ಥರು ಹಗಲಿನಲ್ಲಿ ಹೋಗುವುದಿಲ್ಲ. ವಿಜಯವಾಡದ ಆಫೀಸಿಗೆ ನಾನು ಬಂದ ಹೊಸತರಲ್ಲಿ ಪಕ್ಕದ ಮೇಜಿನ ಗುಮಾಸ್ತರು ಒಂದು ದಿನ ರಜೆ ಹಾಕಿದರು. ಕೇಳಿದ್ದಕ್ಕೆ ಜವಾನ, ‘ನಿನ್ನ ರಾತ್ರಿ ಮಂದು ಕೊಟ್ಟಾಡು’ ಎಂದ. ತೆಲುಗಿನ ‘ನಿನ್ನ’ ನಮ್ಮ ನಿನ್ನೆ, ‘ಕೊಟ್ಟಾಡು’ ಎಂದರೆ ಹೊಡೆದ. ರಾತ್ರಿ ಚೆನ್ನಾಗಿ ಕುಡಿದನೆಂದು ತಾತ್ಪರ್ಯ. ನಾನು ಯಾರೋ ಪುಣ್ಯಾತ್ಮ ರಾತ್ರಿ ಹೊತ್ತಿನಲ್ಲಿ ಮದ್ದು ಕೊಟ್ಟನೆಂದು ತಿಳಿದು, ಮಾರನೆಯ ದಿನ ಆ ಗುಮಾಸ್ತರನ್ನು ಎಲ್ಲರೆದುರು, ‘ಮಂದು ಕೊಟ್ಟ ಮೇಲೆ ಮೈ ಹಗುರವಾಯಿತೆ?’ ಎಂದು ವಿಚಾರಿಸಿದೆ. ಅವರು ಆರು ತಿಂಗಳು ನನ್ನೊಡನೆ ಮಾತನಾಡಲಿಲ್ಲ.

ನಮ್ಮವರೂ ಸಾಧುಗಳಲ್ಲ. ಕನ್ನಡದ ಪಡ್ಡೆ ಹುಡುಗರು ಅದೇ ವಸ್ತುವಿಗೆ ‘ಎಣ್ಣೆ’ ಎನ್ನುತ್ತಾರೆ, ‘ಗುಂಡು’ ಎನ್ನುತ್ತಾರೆ. ತೆಲುಗಿನಲ್ಲಿ ಗುಂಡು ಎಂದರೆ ಬೋಳುತಲೆ. ತಿರುಪತಿಗೆ ಹೋಗಿ ‘ಗುಂಡು ಕೊಟ್ಟಿಂಚುಕುನ್ನಾಡು’ ಎಂದರೆ ಮುಡಿ ಕೊಟ್ಟು ಬಂದನೆಂದು ಅರ್ಥ, ಬೇರೇನೂ ಅಲ್ಲ. ಅವರ ಮಂದೂ ನಮ್ಮ ಗುಂಡೂ ಸೇರಿದರೆ ಮದ್ದುಗುಂಡಾಗುತ್ತದೆ ಎಂಬ ಹಾಸ್ಯವನ್ನು ನಾನು ಆಫೀಸಿನಲ್ಲಿ ಅನೇಕ ಸಲ ಹೇಳಿ ನಗಿಸಿದ್ದುಂಟು. ಮನೆಯಲ್ಲಿ ಹೇಳಿರಲಿಲ್ಲ. ಅಲ್ಲೇ ತಪ್ಪಾದದ್ದು.

2023ರ ಫೆಬ್ರವರಿಯಲ್ಲಿ ನನ್ನ ತಂದೆತಾಯಿ ಕುಂದಾಪುರದ ಕಡೆಯಿಂದ ವಿಜಯವಾಡಕ್ಕೆ ಬಂದರು. ಅಪ್ಪನಿಗೆ ಎಪ್ಪತ್ತೆರಡು ವರ್ಷ, ನಿವೃತ್ತ ಮಾಸ್ತರರು, ಹರ್ನಿಯಾ ಆಪರೇಷನ್ ಆಗಬೇಕಿತ್ತು. ಆಂಧ್ರಕ್ಕೆ ಬಂದ ಮೇಲೆ ಸುಮ್ಮನೆ ಕೂರುವ ಜೀವವಲ್ಲ. ತೆಲುಗು ಕಲಿಸು ಎಂದರು. ಕಷ್ಟವಿಲ್ಲ ಅಪ್ಪಾ, ನಮ್ಮ ಹಕಾರವನ್ನು ತೆಗೆದು ಪಕಾರ ಹಾಕಿ ನೋಡಿ, ಅರ್ಧ ತೆಲುಗು ಬಂತು ಎಂದೆ. ಹಾಲು ಪಾಲು, ಹುಲಿ ಪುಲಿ, ಹಂದಿ ಪಂದಿ. ಅಪ್ಪ ಒಂದು ಹಳೆಯ ಡೈರಿಯಲ್ಲಿ ಎರಡು ಗೆರೆ ಎಳೆದು ಬರೆದುಕೊಂಡರು. ಆ ಪಟ್ಟಿಯಲ್ಲಿ ‘ಮದ್ದು—ಮಂದು’ ಎಂದು ಬರೆಸಿದವನು ನಾನೇ. ಅದರ ಇನ್ನೊಂದು ಅರ್ಥ ನಾಲಗೆಯ ತುದಿಗೆ ಬಂತು. ಅಪ್ಪನ ಎದುರು ಹೆಂಡದ ಮಾತು ಹೇಗೆ ಎತ್ತುವುದೆಂದು ನುಂಗಿಕೊಂಡೆ. ನಮ್ಮ ಮನೆಯಲ್ಲಿ ಆ ಪದಾರ್ಥದ ಹೆಸರನ್ನೂ ಆಡಿದವರಿಲ್ಲ.

ಆಸ್ಪತ್ರೆಗೆ ಸೇರಿಸಿದ ದಿನ ನಾನು ಕೆಳಗೆ ಮುಂಗಡ ಕಟ್ಟುವ ಸಾಲಿನಲ್ಲಿ ನಿಂತಿದ್ದೆ. ಮೇಲೆ ಎಳೆಯ ವಯಸ್ಸಿನ ಡಾಕ್ಟರೊಬ್ಬರು ಕಾಗದ ಹಿಡಿದು ಬಂದು ಅಪ್ಪನನ್ನು ಒಂದೊಂದಾಗಿ ಕೇಳುತ್ತ, ‘ಮಂದು ತಾಗುತಾರಾ?’ ಎಂದರಂತೆ. ಕುಡಿಯುತ್ತೀರಾ ಎಂಬ ಪ್ರಶ್ನೆ. ಗುಳಿಗೆ ಔಷಧ ತೆಗೆದುಕೊಳ್ಳುವುದಕ್ಕೆ ತೆಲುಗರು ‘ಮಂದು ವೇಸುಕೋವಡಂ’ ಎಂಬ ಬೇರೆ ಕ್ರಿಯಾಪದ ಬಳಸುತ್ತಾರೆ. ಈ ವ್ಯಾಕರಣ ಅಪ್ಪನ ಡೈರಿಯಲ್ಲಿರಲಿಲ್ಲ. ಕಲಿತ ಮಾತು ಕಿವಿಗೆ ಬಿದ್ದ ಸಂತೋಷದಲ್ಲಿ ಮಾಸ್ತರರು ತಮಗೆ ಬರುವ ಇಂಗ್ಲಿಷಿನಲ್ಲಿ ಸ್ಪಷ್ಟವಾಗಿ ಉತ್ತರ ಕೊಟ್ಟರು: ‘ಎಸ್ ಡಾಕ್ಟರ್. ಟ್ವೈಸ್ ಡೈಲಿ. ಆಫ್ಟರ್ ಫುಡ್. ತರ್ಟಿ ಎಂ.ಎಲ್., ವಿತ್ ಈಕ್ವಲ್ ವಾಟರ್.’ ಎಷ್ಟು ವರ್ಷದಿಂದ ಎಂದದ್ದಕ್ಕೆ, ‘ತರ್ಟಿ ಇಯರ್ಸ್.’ ಅವರು ಹೇಳಿದ್ದು ಊಟದ ಮೇಲೆ ತಪ್ಪದೆ ಸೇವಿಸುವ ದಶಮೂಲಾರಿಷ್ಟದ ಲೆಕ್ಕ. ಮೂವತ್ತು ಮಿಲಿಲೀಟರಿಗೆ ಸಮನಾಗಿ ನೀರು ಬೆರೆಸಿ ಕುಡಿಯುವ ಇನ್ನೊಂದು ವರ್ಗದವರೂ ಲೋಕದಲ್ಲಿ ಇದ್ದಾರೆಂಬುದು ಅವರಿಗೆ ಹೊಳೆಯುವುದಾದರೂ ಹೇಗೆ?

ಮಾರನೆಯ ದಿನದ ಆಪರೇಷನ್ ನಿಂತುಹೋಯಿತು. ಮೊದಲು ಯಕೃತ್ತಿನ ಪರೀಕ್ಷೆ, ಆಮೇಲೆ ಸ್ಕ್ಯಾನ್. ನರ್ಸು ಬಂದು ‘ಮಂದು ಮಾನೇಯಾಲಿ’, ಬಿಡಬೇಕು, ಎಂದಳು. ಅಪ್ಪ ಗಾಬರಿಯಾಗಿ, ಮದ್ದು ಬಿಟ್ಟರೆ ತನಗೆ ಊಟ ಅರಗದು, ನಿದ್ದೆ ಬಾರದು ಎಂದು ಕೈಸನ್ನೆಯಿಂದ ವಾದಿಸಿದರು. ಆಕೆ ಅಮ್ಮನ ಕಡೆ ತಿರುಗಿ, ಹೆಬ್ಬೆರಳನ್ನು ಬಾಯಿಗೆ ಎತ್ತಿ ತೋರಿಸಿ, ತಲೆಯಾಡಿಸಿದಳು. ಆ ಸನ್ನೆಗೆ ಕನ್ನಡ ತೆಲುಗು ಎಂಬ ಭೇದವಿಲ್ಲ. ಅಮ್ಮ ಏನೂ ಅನ್ನಲಿಲ್ಲ. ನಾನು ಸಂಜೆ ಆಫೀಸಿನಿಂದ ಹೋದಾಗ ಅವರು ಕಿಟಕಿಯ ಹತ್ತಿರ ಕುಳಿತಿದ್ದರು. ಅಪ್ಪ ಗೋಡೆಯ ಕಡೆ ಮುಖ ಮಾಡಿ ಮಲಗಿದ್ದರು. ‘ಆಟಕ್ಕೆ ಹೋಗುತ್ತೇನೆ ಎಂದು ರಾತ್ರಿಯೆಲ್ಲ ಹೋಗುತ್ತಿದ್ದರಲ್ಲ, ಅದು ಯಕ್ಷಗಾನಕ್ಕೇ ಹೌದೋ?’ ಎಂದು ಅಮ್ಮ ನನ್ನನ್ನು ಕೇಳಿದರು. ನಲವತ್ತೈದು ವರ್ಷದ ಸಂಸಾರದಲ್ಲಿ ಆ ಪ್ರಶ್ನೆ ಅದೇ ಮೊದಲಿರಬೇಕು.

ಗಂಟು ಬಿಡಿಸಿದವಳು ರಾತ್ರಿ ಪಾಳಿಯ ನರ್ಸು. ಮಡಕಶಿರದ ಹುಡುಗಿ, ಅಲ್ಲಿ ಮನೆಮಾತು ಕನ್ನಡವಾದ ಸಂಸಾರಗಳು ಬೇಕಾದಷ್ಟಿವೆ. ಅಮ್ಮ ಕನ್ನಡದಲ್ಲಿ ಗೊಣಗಿಕೊಂಡದ್ದನ್ನು ಕೇಳಿ, ‘ಅಜ್ಜಿ, ತಾತ ಕುಡಿಯೋದು ಏನು, ಬಾಟ್ಲಿ ತೋರಿಸಿ’ ಎಂದಳು. ಅಮ್ಮ ಚೀಲದಿಂದ ಅರಿಷ್ಟದ ಬಾಟಲಿ ತೆಗೆದು ಕೊಟ್ಟರು. ಹುಡುಗಿ ಬಾಯಿಗೆ ಸೆರಗು ಅಡ್ಡ ಇಟ್ಟುಕೊಂಡು ನಕ್ಕು, ಡಾಕ್ಟರನ್ನು ಕರೆತಂದಳು. ಅಪ್ಪ ನಗಲಿಲ್ಲ. ‘ನಿನಗೆ ಮೊದಲೇ ಗೊತ್ತಿತ್ತೋ?’ ಎಂದು ನನ್ನನ್ನು ಕೇಳಿದರು. ಗೊತ್ತಿತ್ತು ಎಂದೆ.

ಆಪರೇಷನ್ ಸುಖವಾಗಿ ಮುಗಿಯಿತು. ಆದರೆ ಕಾಗದ ಮುಗಿಯಲಿಲ್ಲ. ಬಾಯಿಯ ತಪ್ಪು ಅರ್ಧ ಗಂಟೆಯಲ್ಲಿ ತಿದ್ದಿತು, ಬರೆದ ತಪ್ಪು ಹಾಗೆಯೇ ಉಳಿದು ವಿಮೆಯವರ ಕೈಗೆ ಹೋಯಿತು. ಅಪ್ಪನಿಗೆ ಪಿಂಚಣಿ ಇರುವುದರಿಂದ ನನ್ನ ಆಫೀಸಿನ ಸೌಲಭ್ಯ ಅವರಿಗಿಲ್ಲ. ಪ್ರತ್ಯೇಕ ವಿಮೆ ಮಾಡಿಸಿದ್ದೆ. ಮೂವತ್ತು ವರ್ಷದ ಕುಡಿತವನ್ನು ಮುಚ್ಚಿಟ್ಟು ವಿಮೆ ಮಾಡಿಸಿದ್ದೀರಿ, ಹಣ ಬರುವುದಿಲ್ಲ ಎಂದು ಉತ್ತರ ಬಂತು. 68,000 ರೂಪಾಯಿ. ಸೊಸೈಟಿಯಲ್ಲಿ ಸಾಲ ಮಾಡಿ ಆಸ್ಪತ್ರೆಗೆ ಕಟ್ಟಿದೆ. ಕಡತದ ಕೆಲಸವನ್ನೇ ತಿಂದು ಬದುಕುವವನು ನಾನು. ಒಂದು ಸಾಲನ್ನು ಹೊಡೆದುಹಾಕಿಸಲು ನಾಲ್ಕು ತಿಂಗಳು ಬೇಕಾಯಿತು. ಡಾಕ್ಟರ ಸರ್ಟಿಫಿಕೇಟು, ಅಪ್ಪನ ಹೇಳಿಕೆ, ಮಂದು ಎಂಬ ಮಾತಿನ ಅರ್ಥ ವಿವರಿಸುವ ಎರಡು ಪುಟದ ಟಿಪ್ಪಣಿ, ಅದರ ಕೆಳಗೆ ನನ್ನ ಪ್ರಮಾಣ: ‘ನನ್ನ ತಂದೆಯವರು ಜೀವಮಾನದಲ್ಲಿ ಮದ್ಯಸಾರವನ್ನು ಮುಟ್ಟಿದವರಲ್ಲ.’ ಸಹಿ ಮಾಡಿ ಕಳಿಸಿದೆ. ಹಣ ಬಂತು.

2024ರಲ್ಲಿ ನನಗೆ ವಿಶಾಖಪಟ್ಟಣಕ್ಕೆ ವರ್ಗವಾಯಿತು. ಸಾಮಾನು ಕಟ್ಟುವಾಗ ಅಪ್ಪ ಮರೆತು ಹೋಗಿದ್ದ ಅರಿಷ್ಟದ ಬಾಟಲಿ ಬೀರುವಿನ ಹಿಂದೆ ಸಿಕ್ಕಿತು. ಪದಗಳ ಹುಚ್ಚು ಹಿಡಿದವನಿಗೆ ಚೀಟಿ ಕಂಡರೆ ಓದದೆ ಇರಲಾಗದು. ‘ಅರಿಷ್ಟ’ ಎಂಬುದೇ ಎರಡು ನಾಲಗೆಯ ಮಾತು: ಸಂಸ್ಕೃತದಲ್ಲಿ ಕೇಡು ತಾಗದ್ದು ಎಂದೂ ಅರ್ಥ, ಕೇಡಿನ ಸೂಚನೆ ಎಂದೂ ಅರ್ಥ. ಬಿಲ್ವ, ನೆಲಗುಳ್ಳ, ನೆಗ್ಗಿಲು ಮೊದಲಾದ ಹತ್ತು ಬೇರುಗಳ ಕಷಾಯಕ್ಕೆ ಬೆಲ್ಲ, ಧಾತಕಿ ಹೂವು ಹಾಕಿ ಬಾಯಿ ಕಟ್ಟಿಟ್ಟು ಹುಳಿಯಲು ಬಿಡುತ್ತಾರೆ. ಹುಳಿಯುವಾಗ ಒಳಗೆ ಏನು ಹುಟ್ಟುತ್ತದೆಂಬುದನ್ನು ಚೀಟಿಯ ಅಡಿಯಲ್ಲಿ ಇರುವೆಯಂಥ ಅಕ್ಷರಗಳಲ್ಲಿ ಅಚ್ಚುಮಾಡಿದ್ದರು: ತಾನಾಗಿ ಹುಟ್ಟಿದ ಮದ್ಯಸಾರ, ಶೇಕಡಾ 5ರಿಂದ 10.

ಎಳೆಯ ಡಾಕ್ಟರು ಕೇಳಿದ ಪ್ರಶ್ನೆ, ಅಪ್ಪ ಕೊಟ್ಟ ಉತ್ತರ, ನಾನು ಮಾಡಿದ ಪ್ರಮಾಣ, ಮೂರನ್ನೂ ಆ ಬಾಟಲಿಯ ಪಕ್ಕದಲ್ಲಿಟ್ಟು ಬಹಳ ಹೊತ್ತು ನೋಡಿದೆ. ಅಪ್ಪ ಈಗಲೂ ಎರಡು ಹೊತ್ತು ಊಟದ ಮೇಲೆ ಅದನ್ನೇ ಸೇವಿಸುತ್ತಾರೆ, ಅಮ್ಮನೇ ಅಳೆದು ಕೊಡುತ್ತಾರೆ. ಅವರಿಗೆ ಕಣ್ಣು ಮಂದವಾಗಿದೆ, ಸಣ್ಣಕ್ಷರ ಕಾಣದು. ಇದನ್ನು ನಾನು ಇನ್ನೂ ಹೇಳಿಲ್ಲ. ನಮ್ಮ ಪತ್ರಿಕೆ ಪ್ರತಿ ಸಲ ಅಂಚೆಯಲ್ಲಿ ಕುಂದಾಪುರಕ್ಕೆ ಹೋಗುತ್ತದೆ. ಈ ಅಂಕಣವನ್ನು ಅಮ್ಮ ಅವರಿಗೆ ಗಟ್ಟಿಯಾಗಿ ಓದಿ ಹೇಳುತ್ತಾರೆ.