ಕಾಲಡಿಯ ಕಡಲು

(ದ್ವಿತೀಯ ಬಿ.ಎ. ವಿದ್ಯಾರ್ಥಿಯೊಬ್ಬನ ಬಿನ್ನಹ)

ನಮ್ಮ ಕಾಲೇಜಿನ ಪಡಸಾಲೆಯ ನೆಲವನ್ನು ಯಾರೂ ನೋಡುವುದಿಲ್ಲ, ತುಳಿಯುತ್ತೇವೆ, ಅಷ್ಟೆ. ಪರೀಕ್ಷೆಯ ಕಾಲದಲ್ಲಿ ಅದರ ಮೇಲೆ ಚಕ್ಕಳಮಕ್ಕಳ ಹಾಕಿ ಕುಳಿತು ಗೈಡು ತಿರುವುತ್ತೇವೆ. ಬೇಸಗೆಯಲ್ಲಿ ತಂಪಾಗಿದೆಯೆಂದು ಅದರ ಮೇಲೆ ಅಡ್ಡಾಗುವ ಮಹನೀಯರೂ ನಮ್ಮಲ್ಲಿ ಇಲ್ಲದಿಲ್ಲ. ಈಗ ಆ ನೆಲವನ್ನು ಕಿತ್ತು ಹೊಳೆಯುವ ಟೈಲ್ಸ್ ಹಾಕಿಸುವ ಮಾತು ನಡೆದಿದೆ. ಈ ಮಾತು ಕೇಳಿ ನನ್ನ ಗೆಳೆಯರು ಸಂತೋಷಪಟ್ಟರು. ನಾನು ಪಡಲಿಲ್ಲ. ಏಕೆಂಬುದನ್ನು ಹೇಳಲು ಈ ಪುಟಗಳನ್ನು ಬಳಸಿಕೊಳ್ಳುತ್ತಿದ್ದೇನೆ, ಅಧ್ಯಾಪಕರು ಮನ್ನಿಸಬೇಕು.

ಆ ಕಲ್ಲಿಗೆ ನಾವು ಫರಸಿ ಎನ್ನುತ್ತೇವೆ, ಹೊರಗಿನವರು ಶಹಾಬಾದ್ ಕಲ್ಲು ಎನ್ನುತ್ತಾರೆ. ನನ್ನ ಸೋದರಮಾವ ಚಿತ್ತಾಪುರದ ಕಡೆ ಫರಸಿಯ ಖಣಿಯಲ್ಲಿ ದುಡಿಯುತ್ತಾನೆ. ಕಳೆದ ರಜೆಯಲ್ಲಿ ಅವನ ಕೆಲಸ ನೋಡಲು ಹೋಗಿದ್ದೆ. ಅಷ್ಟು ದೊಡ್ಡ ಹಾಸುಗಲ್ಲನ್ನು ಇಷ್ಟು ಸಪಾಟಾಗಿ ಹೇಗೆ ಒಡೆಯುತ್ತೀ ಎಂದು ಕೇಳಿದೆ. ಅವನು ನಕ್ಕು, "ಒಡಿಯದಲ್ಲೋ ಅಳಿಯಾ, ಎಬ್ಬಸೋದು. ಪದರಿಗೆ ಪದರು ಅದೇ ಕುಂತದ" ಎಂದ. ಸಂದಿಗೆ ಉಳಿ ಇಟ್ಟು ನಾಲ್ಕು ಪೆಟ್ಟು ಹಾಕಿದರೆ, ರೊಟ್ಟಿಯ ಬುಟ್ಟಿಯಿಂದ ಮೇಲಿನ ರೊಟ್ಟಿ ಎತ್ತಿದಂತೆ ಕಲ್ಲು ಮೇಲೆದ್ದು ಬರುತ್ತದೆ. ಎರಡು ಪದರುಗಳ ನಡುವೆ ಜೇಡಿಯ ತೆಳುವಾದ ಗೆರೆ. ಆ ಗೆರೆಯ ಅರ್ಥ ನನಗೆ ತಿಳಿದದ್ದು ಊರಿಂದ ಬಂದಮೇಲೆ, ನಮ್ಮ ಗ್ರಂಥಾಲಯದ ಮೂಲೆಯ ಬೀರುವಿನಲ್ಲಿ.

ಕಲಬುರಗಿ, ಯಾದಗಿರಿ ಜಿಲ್ಲೆಗಳಿಂದ ವಿಜಯಪುರದ ತಾಳಿಕೋಟೆಯ ಕಡೆಗೂ, ಮೂಡಲಿಗೆ ತೆಲಂಗಾಣದ ತಾಂಡೂರಿನತ್ತಲೂ, ಸುಮಾರು 5,200 ಚದರ ಕಿಲೋಮೀಟರು ಹಬ್ಬಿರುವ ಈ ಪದರುಶಿಲೆಯ ನಾಡಿಗೆ ಭೂವಿಜ್ಞಾನಿಗಳು ಭೀಮಾ ದ್ರೋಣಿ ಎಂದು ಹೆಸರಿಟ್ಟಿದ್ದಾರೆ. ಗ್ರಾನೈಟಿನ ಹಳೆಯ ನೆಲ ಹರಿವಾಣದಂತೆ ತಗ್ಗಾಯಿತು. ಕಡಲ ನೀರು ಒಳನುಗ್ಗಿತು. ಮೊದಲು ಗರಸು ಮರಳು, ಆಮೇಲೆ ಕೆಸರು, ಅದರ ಮೇಲೆ ಸುಣ್ಣ ನಿಂತವು. ನೀರು ಆಳವಿರಲಿಲ್ಲ, ಅಬ್ಬರವೂ ಇರಲಿಲ್ಲ. ಆದ್ದರಿಂದಲೇ ಸುಣ್ಣ ತೆಳು ತೆಳುವಾಗಿ ಕುಳಿತಿತು. ನಡುನಡುವೆ ಕೆಸರು ಬಂದಾಗ ಆ ಜೇಡಿಯ ಗೆರೆ ಬಿತ್ತು. ಮುಂದೆ ಹಿಮಾಲಯದಲ್ಲಾದಂತೆ ನೆಲ ಮಡಿಚಿ ಮುದುಡಿದ್ದರೆ ಮಾವನ ಉಳಿಗೆ ಕೆಲಸವೇ ಇರುತ್ತಿರಲಿಲ್ಲ. ಬಿರುಕು ಬಿಟ್ಟ ಕೆಲವು ಎಡೆಗಳನ್ನುಳಿದು ಪದರುಗಳು ಇಂದಿಗೂ ಬಹುಮಟ್ಟಿಗೆ ಮಲಗಿಯೇ ಇವೆ.

ಇದರ ವಯಸ್ಸಿನ ಬಗ್ಗೆ ಪಂಡಿತರ ಜಗಳ ಇನ್ನೂ ತೀರಿಲ್ಲ. ನೂರು ಕೋಟಿ ವರ್ಷದ ಆಸುಪಾಸು ಎಂಬುವರೂ ಉಂಟು, ಅದಕ್ಕಿಂತ ಕಡಿಮೆ ಎಂಬುವರೂ ಉಂಟು. ಶಂಖ, ಚಿಪ್ಪು, ಮೀನು, ಮರ ಯಾವುವೂ ಭೂಮಿಗೆ ಬರುವ ಮುಂಚಿನ ಕಾಲವದು. ಆದಕಾರಣ ಇಲ್ಲಿ ಕಲ್ಲಿದ್ದಲನ್ನು ಅರಸುವುದು ವ್ಯರ್ಥ. ಕಾಡೇ ಇಲ್ಲದ ಕಾಲದಲ್ಲಿ ಇದ್ದಲೆಲ್ಲಿಯದು! ಇದರ ಮೇಲೆ ಸುಮಾರು 6 ಕೋಟಿ 60 ಲಕ್ಷ ವರ್ಷಗಳ ಹಿಂದೆ ದಖ್ಖನಿನ ಲಾವಾ ಹರಿಯಿತು. ಆ ಕಗ್ಗಲ್ಲು ಸವೆದು ಆದ ಎರೆಮಣ್ಣಿನಲ್ಲಿ ಈಗ ನಮ್ಮ ತೊಗರಿ ಬೆಳೆಯುತ್ತದೆ.

ಇದು ವಿಜ್ಞಾನದವರ ಪಾಠ, ಇತಿಹಾಸ ಓದುವ ನಿನಗೇಕೆ ಎಂದು ಒಬ್ಬ ಮಿತ್ರನು ಕೇಳಿದ. ನನ್ನ ಉತ್ತರವಿಷ್ಟು: ಈ ಕಲ್ಲನ್ನು ತೆಗೆದುಬಿಟ್ಟರೆ ನಮ್ಮ ಸೀಮೆಯ ಇತಿಹಾಸದಲ್ಲಿ ಉಳಿಯುವುದು ಅಲ್ಪ. ಹುಣಸಗಿಯ ಬಳಿಯ ಇಸಾಂಪುರದಲ್ಲಿ ಡೆಕ್ಕನ್ ಕಾಲೇಜಿನ ಕೆ. ಪದ್ದಯ್ಯನವರು ಅಗೆದಾಗ ಸಿಕ್ಕಿದ್ದು ಆದಿಮಾನವರ ಒಂದು ಖಣಿ. ಇದೇ ಸುಣ್ಣಕಲ್ಲಿನ ಗಟ್ಟಿಯಾದ ಪದರನ್ನು ಎಬ್ಬಿಸಿ, ಚಕ್ಕೆ ತೆಗೆದು, ಅವರು ಕೈಗೊಡಲಿ ಮಾಡಿಕೊಂಡಿದ್ದರು. ಅಲ್ಲಿ ಸಿಕ್ಕಿದ ಪ್ರಾಣಿಯ ಹಲ್ಲಿನ ಪರೀಕ್ಷೆಯಿಂದ ಕಟ್ಟಿದ ಕಾಲ ಸುಮಾರು 12 ಲಕ್ಷ ವರ್ಷ. ಮಾವನ ಕಸುಬಿನ ಮೂಲಪುರುಷರು ಇವರೇ! ಭೀಮೆಯ ದಡದ ಸನ್ನತಿಯ ನೆರೆಯಲ್ಲಿ, ಕನಗನಹಳ್ಳಿಯ ಸ್ತೂಪಕ್ಕೆ ಹೊದಿಸಿದ್ದು ಸುಣ್ಣಕಲ್ಲಿನ ಚಪ್ಪಡಿ. ಅವುಗಳಲ್ಲೊಂದರ ಮೇಲೆ ರಾಜನೊಬ್ಬನು ರಾಣಿಯೊಡನೆ ನಿಂತಿದ್ದಾನೆ. ಬ್ರಾಹ್ಮಿಯಲ್ಲಿ "ರಾಯ ಅಸೋಕೋ" ಎಂದು ಹೆಸರೂ ಇದೆ. ಕಾಗಿಣಾ ತೀರದ ಮಳಖೇಡದ ಕೋಟೆಯ ಗೋಡೆಯೂ ಇದೇ ಕಲ್ಲು. ನೃಪತುಂಗನ ರಾಜಧಾನಿಯ ಆ ಗೋಡೆಯ ಮೇಲೆ ನಿಂತರೆ ಸಿಮೆಂಟು ಕಾರ್ಖಾನೆಯ ಚಿಮಣಿ ಕಾಣುತ್ತದೆ.

ಸಿಮೆಂಟನ್ನು ನಾನು ದೂಷಿಸುತ್ತಿಲ್ಲ. ವಾಡಿ, ಸೇಡಂ, ಮಳಖೇಡಗಳಲ್ಲಿ ಸಾವಿರಾರು ಮನೆಗಳ ಒಲೆ ಉರಿಯುವುದು ಅದರಿಂದಲೇ. ನಮ್ಮ ಹಾಸ್ಟೆಲು ನಿಂತಿರುವುದೂ ಅದರಿಂದಲೇ. ಆದರೆ ಲೆಕ್ಕವನ್ನಾದರೂ ತಿಳಿಯಬೇಡವೆ? ಸುಣ್ಣಕಲ್ಲಿನ ಪುಡಿಗೆ ಜೇಡಿ ಬೆರೆಸಿ ಸುಮಾರು 1,450 ಡಿಗ್ರಿ ಸೆಂಟಿಗ್ರೇಡ್ ಕಾವಿನಲ್ಲಿ ಸುಡುತ್ತಾರೆ. ಶುದ್ಧ ಸುಣ್ಣಕಲ್ಲು 100 ಕಿಲೋ ಬೆಂದರೆ ಸುಣ್ಣವಾಗಿ ಉಳಿಯುವುದು 56 ಕಿಲೋ. ಮಿಕ್ಕ 44 ಕಿಲೋ ಇಂಗಾಲಾಮ್ಲ ಅನಿಲವಾಗಿ ಮುಗಿಲಿಗೆ ಏರುತ್ತದೆ. ಉರಿಸಿದ ಇದ್ದಲಿನ ಹೊಗೆ ಬೇರೆ. ಹಳೆಯ ಕಡಲು ಹಿಡಿದಿಟ್ಟಿದ್ದ ಗಾಳಿಯನ್ನು ನಾವು ಒಂದು ಮಧ್ಯಾಹ್ನದಲ್ಲಿ ಬಿಟ್ಟುಬಿಡುತ್ತೇವೆ. ಫರಸಿಗಾದರೆ ಉಳಿಯ ಪೆಟ್ಟು ಮಾತ್ರ, ಬೆಂಕಿ ಬೇಡ. ಮಾವನ ಕಲ್ಲಿಗೆ ಈಗ ಗಿರಾಕಿ ಕಡಿಮೆ. ಗುಜರಾತಿನ ಮೊರ್ಬಿಯಿಂದ ಟೈಲ್ಸು ಬರುತ್ತದಂತೆ, ಅದೂ ಭಟ್ಟಿಯಲ್ಲಿ ಸುಟ್ಟದ್ದೇ.

ಕಲ್ಲು ಹೋದ ಎಡೆಯಲ್ಲಿ ಏನು ಉಳಿಯುತ್ತದೆ? ತಗ್ಗು. ನನ್ನೊಡನೆ ಐದನೆಯ ಇಯತ್ತೆಯಲ್ಲಿ ಓದುತ್ತಿದ್ದ ಹುಡುಗನೊಬ್ಬನು ಮಳೆಗಾಲದಲ್ಲಿ ತುಂಬಿದ ಹಾಳು ಖಣಿಯಲ್ಲಿ ಈಜಲು ಇಳಿದವನು ಮೇಲೆ ಬರಲಿಲ್ಲ. ಆ ಖಣಿಗೆ ಇಂದಿಗೂ ಬೇಲಿಯಿಲ್ಲ. 2015ರ ತಿದ್ದುಪಡಿಯಾದ ಮೇಲೆ ಗಣಿಯಿರುವ ಜಿಲ್ಲೆಗಳಲ್ಲಿ ಜಿಲ್ಲಾ ಖನಿಜ ಪ್ರತಿಷ್ಠಾನವಿರಬೇಕೆಂದು ಕಾನೂನಾಗಿದೆ. ಗುತ್ತಿಗೆದಾರರು ರಾಜಧನದೊಡನೆ ಅದಕ್ಕೂ ಹಣ ಕಟ್ಟುತ್ತಾರೆ. ಗಣಿಯಿಂದ ನೊಂದ ಊರುಗಳಿಗೆಂದೇ ಇರುವ ಹಣವದು. ಅದರಲ್ಲಿ ಹಾಳು ಖಣಿಗಳಿಗೆ ಬೇಲಿ ಮೊದಲು, ಸಭಾಭವನ ಆಮೇಲೆ ಎಂದು ಗ್ರಾಮಸಭೆಯಲ್ಲಿ ಎದ್ದು ಕೇಳಬೇಕಾದವರು ನಾವೇ. ಪದವೀಧರರಾಗಲು ಹೊರಟವರು ಇಷ್ಟೂ ಕೇಳದಿದ್ದರೆ ಯಾರು ಕೇಳಿಯಾರು?

ಶಹಾಪುರ ತಾಲ್ಲೂಕಿನ ಗೋಗಿಯಲ್ಲಿ, ಆದಿಲಶಾಹಿ ಸುಲ್ತಾನರ ಗೋರಿಗಳಿರುವ ಊರಿನಲ್ಲಿ, ಇದೇ ದ್ರೋಣಿಯ ಬಿರುಕೊಂದರ ಗುಂಟ ಯುರೇನಿಯಂ ಸಿಕ್ಕಿದೆ. ಅದನ್ನು ತೆಗೆಯಬೇಕೋ ಬೇಡವೋ ಎಂಬುದು ನನ್ನ ಅಳವಿಗೆ ಮೀರಿದ ಪ್ರಶ್ನೆ. ಆದರೆ ಬಾವಿಯ ನೀರು ಕುಡಿಯುವವರ ಅಂಜಿಕೆಯನ್ನು ಅಜ್ಞಾನವೆಂದು ತಳ್ಳಿಹಾಕುವುದು ನನಗೆ ಒಪ್ಪಿಗೆಯಿಲ್ಲ.

ನನ್ನ ಬೇಡಿಕೆಗಳು ದೊಡ್ಡವಲ್ಲ. ಬೆಂಗಳೂರಿನ ಲಾಲ್‌ಬಾಗಿನ ಬಂಡೆಗೆ ಫಲಕವಿದೆ. ಶಾಲೆಯ ಮಕ್ಕಳು ನಿಂತು ಓದುತ್ತಾರೆ. ನಮ್ಮ ಕಡೆಯ ಯಾವುದಾದರೂ ಒಂದು ಖಣಿಯ ಒಂದು ಗೋಡೆಯನ್ನು ಕಡಿಯದೆ ಬಿಟ್ಟು, ಅಲ್ಲೊಂದು ಫಲಕ ನೆಡಲಿ. ಇತಿಹಾಸ ಸಂಘದವರು ವರ್ಷಕ್ಕೊಮ್ಮೆ ಸನ್ನತಿಗೆ ಹೋಗುವಾಗ ದಾರಿಯಲ್ಲಿ ಖಣಿಯೊಂದಕ್ಕೂ ಇಳಿಯಲಿ. ಮಾವನು ಉಳಿ ಕೈಗೆ ಕೊಟ್ಟು ತೋರಿಸಲು ಸಿದ್ಧನಿದ್ದಾನೆ, ಚಹದ ಖರ್ಚು ಮಾತ್ರ ನಮ್ಮದು. ಮತ್ತು ಪಡಸಾಲೆಯ ನೆಲವನ್ನು ಕೀಳುವುದೇ ನಿಶ್ಚಯವಾದರೆ, ಎಬ್ಬಿಸಿದ ಕಲ್ಲನ್ನು ಒಡೆದು ಬುನಾದಿಗೆ ತುಂಬಬಾರದು. ಹಿತ್ತಿಲಿನ ಬೇವಿನ ಮರದ ಸುತ್ತ ಕಟ್ಟೆಗೆ ಹಾಸಲಿ. ಮೂವತ್ತು ಮಂದಿ ವಿದ್ಯಾರ್ಥಿಗಳು ರುಜು ಹಾಕಿದ ಅರ್ಜಿಯೊಂದನ್ನು ಪ್ರಾಂಶುಪಾಲರ ಕೋಣೆಗೆ ಕೊಟ್ಟು ಬಂದಿದ್ದೇವೆ. ಉತ್ತರ ಇನ್ನೂ ಬಂದಿಲ್ಲ.