ಕಿಣ್ವ ಬರೀ ಸೈನ್ಸ್‌ನವರ ಪದವಲ್ಲ

ನಮ್ಮ ಮನೆಯ ಲೆಕ್ಕದ ಪುಸ್ತಕವನ್ನು ಎರಡು ವರ್ಷದಿಂದ ನಾನೇ ಬರೆಯುತ್ತೇನೆ. ಕಾಮರ್ಸ್ ತೆಗೆದುಕೊಂಡ ದಿನವೇ ಅಬ್ಬಾ ಅದನ್ನು ನನ್ನ ಕೈಗೆ ಕೊಟ್ಟು, "ಇನ್ನು ಮೇಲೆ ನೀನೇ ನಮ್ಮ ಅಕೌಂಟೆಂಟ್" ಎಂದು ನಕ್ಕಿದ್ದರು. ಅದರಲ್ಲಿ ಕಳೆದ ವರ್ಷದ ಒಂದು ಸಾಲು ಹೀಗಿದೆ: "ತೂತು ಗೂಡು, 38 ಕೆಜಿ, ನಷ್ಟ." ಈ ಲೇಖನ ಆ ಸಾಲಿನ ಬಗ್ಗೆ, ಮತ್ತು ಆ ನಷ್ಟಕ್ಕೆ ಕಾರಣವಾದ ಒಂದು ಪದದ ಬಗ್ಗೆ.

ನಮ್ಮದು ವಿಜಯಪುರ. ಉತ್ತರ ಕರ್ನಾಟಕದ ಜಿಲ್ಲೆಯಲ್ಲ, ನಮ್ಮ ದೇವನಹಳ್ಳಿ ತಾಲ್ಲೂಕಿನ ವಿಜಯಪುರ. ಸುತ್ತಲಿನ ಹಳ್ಳಿಗಳ ರೈತರು ಹಿಪ್ಪುನೇರಳೆ ಬೆಳೆದು ಹುಳು ಸಾಕುತ್ತಾರೆ, ಗೂಡನ್ನು ಮಾರುಕಟ್ಟೆಗೆ ತರುತ್ತಾರೆ. ನಮ್ಮಂಥ ಕುಟುಂಬಗಳು ಹರಾಜಿನಲ್ಲಿ ಗೂಡು ಕೊಂಡು ನೂಲು ಬಿಚ್ಚುತ್ತವೆ. ದೊಡ್ಡಬಳ್ಳಾಪುರದ ಮಗ್ಗಗಳಲ್ಲಿ ರೇಷ್ಮೆ ನೇಯುತ್ತಾರೆ. ದೇವನಹಳ್ಳಿಯಲ್ಲಿ ಹುಟ್ಟಿದ ಟಿಪ್ಪು ಸುಲ್ತಾನರ ಕಾಲದಲ್ಲೇ ಮೈಸೂರು ಸೀಮೆಗೆ ಈ ಕಸುಬು ಬಂತೆಂದು ನಾವೆಲ್ಲ ಓದಿದ್ದೇವೆ. ನಮ್ಮ ಮನೆಯಲ್ಲಿ ಮಾತು ಉರ್ದು, ಆದರೆ ಕಸುಬಿನ ಮಾತು ಕನ್ನಡದ್ದೇ. ಉರ್ದು ಮಾತಾಡುವಾಗಲೂ ಗೂಡು ಗೂಡೇ, ನೂಲು ನೂಲೇ.

ಕಳೆದ ವರ್ಷ ಗೂಡಿನ ದರ ಸ್ವಲ್ಪ ಇಳಿದಾಗ ಅಬ್ಬಾ ಎಂದಿಗಿಂತ ಹೆಚ್ಚು, 120 ಕೆಜಿ, ಕೊಂಡರು. ಅದೇ ವಾರ ದಾದಾ ಅವರನ್ನು ಆಸ್ಪತ್ರೆಗೆ ಸೇರಿಸಬೇಕಾಯಿತು. ಮನೆಯವರೆಲ್ಲ ಅಲ್ಲಿ. ಜೊತೆಗೆ ಮಳೆ. ಒಣಗಿಸಬೇಕಿದ್ದ ಗೂಡಿನಲ್ಲಿ ಒಂದು ಪಾಲು ಹಾಗೇ ಉಳಿಯಿತು. ನಾಲ್ಕು ದಿನದ ಮೇಲೆ ಶೆಡ್ಡಿನ ಬಾಗಿಲು ತೆರೆದಾಗ ಚಾಪೆಯ ತುಂಬ ಬಿಳಿ ಚಿಟ್ಟೆಗಳು. ನೋಡಲು ಚೆಂದ. ಅಬ್ಬಾ ಮಾತ್ರ ಬಾಗಿಲಲ್ಲೇ ಕೂತುಬಿಟ್ಟರು.

ರೇಷ್ಮೆ ಕಸುಬು ಗೊತ್ತಿಲ್ಲದವರಿಗೆ ಒಂದು ಮಾತು. ಒಂದು ಗೂಡು ಎಂದರೆ ನೂರಾರು ಮೀಟರ್ ಉದ್ದದ ಒಂದೇ ಎಳೆ. ಒಳ್ಳೆಯ ತಳಿಯಲ್ಲಿ ಸಾವಿರ ಮೀಟರ್ ಕೂಡ ಇರುತ್ತದೆ. ಒಳಗಿನ ಹುಳು ಚಿಟ್ಟೆಯಾಗಿ ಹೊರಬರುವ ಮೊದಲೇ ಗೂಡನ್ನು ಬಿಸಿಗಾಳಿಯಲ್ಲೋ ಹಬೆಯಲ್ಲೋ ಒಣಗಿಸಬೇಕು. ಚಿಟ್ಟೆ ಹೊರಬಂದರೆ ಗೂಡು ತೂತಾಗುತ್ತದೆ, ಎಳೆ ಒಂದೇ ಸಮನೆ ಬಿಚ್ಚಿಕೊಳ್ಳುವುದಿಲ್ಲ. ಅದು ವೇಸ್ಟ್ ವ್ಯಾಪಾರಿಯ ಪಾಲು. ಸುಮಾರು 7 ಕೆಜಿ ಗೂಡಿಗೆ 1 ಕೆಜಿ ನೂಲು ಎಂದು ಹಿಡಿದರೂ ನಮಗೆ 5 ಕೆಜಿಗಿಂತ ಹೆಚ್ಚು ನೂಲು ಹೋಯಿತು. ನನ್ನ ಫೀಸಿನ ಎರಡನೇ ಕಂತು ತಡವಾದದ್ದು ಆ ಕಾರಣಕ್ಕೆ.

ಕಾಲೇಜಿನಲ್ಲಿ ಇದನ್ನು ಹೇಳಿಕೊಂಡಾಗ ಸೈನ್ಸ್ ಸೆಕ್ಷನ್ನಿನ ಗೆಳತಿಯೊಬ್ಬಳು, "ಅದು ಕೊಕೂನೇಸ್ ಕಣೇ, ಒಂದು ಪ್ರೋಟಿಯೇಸ್" ಎಂದಳು. ನಾನು ಸುಮ್ಮನೆ ತಲೆಯಾಡಿಸಿದೆ. ಅರ್ಥವಾಗದಿದ್ದರೂ ತಲೆಯಾಡಿಸುವುದು ನಮಗೆಲ್ಲ ಅಭ್ಯಾಸ. ಕೇಳಿದರೆ "ಕಾಮರ್ಸ್‌ನವರಿಗೆ ಇದೆಲ್ಲ ಯಾಕೆ" ಎನ್ನುತ್ತಾರೇನೋ ಎಂಬ ಸಂಕೋಚ. ಆ ದಿನ ಮಾತ್ರ ಸಂಕೋಚ ಬಿಟ್ಟು ಕೇಳಿದೆ. 38 ಕೆಜಿ ಗೂಡು ಕಳೆದುಕೊಂಡವರಿಗೆ ಕಳ್ಳನ ಹೆಸರು ತಿಳಿಯುವ ಹಕ್ಕಾದರೂ ಇರಬೇಕಲ್ಲವೇ?

ಅವಳು ಹೇಳಿದ್ದನ್ನೂ ಆಮೇಲೆ ಲೈಬ್ರರಿಯಲ್ಲಿ ಓದಿದ್ದನ್ನೂ ನನ್ನ ಮಾತಿನಲ್ಲಿ ಬರೆಯುತ್ತೇನೆ.

ಪ್ರೋಟಿಯೇಸ್ ಎಂದರೆ ಪ್ರೋಟೀನನ್ನು ತುಂಡು ಮಾಡುವ ಕಿಣ್ವ. ಕೊನೆಯಲ್ಲಿರುವ "ಏಸ್" ಎಂಬುದು ಬಾಲ. 1833ರಲ್ಲಿ ಫ್ರಾನ್ಸಿನಲ್ಲಿ ಮೊಳಕೆ ಬಂದ ಬಾರ್ಲಿಯಿಂದ ಬೇರ್ಪಡಿಸಿದ ಕಿಣ್ವಕ್ಕೆ ಡಯಾಸ್ಟೇಸ್ ಎಂದು ಹೆಸರಿಟ್ಟರು. ಮುಂದೆ ಅದರ ಬಾಲವನ್ನೇ ಎಲ್ಲ ಕಿಣ್ವಗಳಿಗೂ ಅಂಟಿಸುವ ರೂಢಿ ಬಂತು. ಅದಕ್ಕಿಂತ ಮೊದಲು ಹೆಸರು ಪಡೆದವು ಹಳೆಯ ರೂಪದಲ್ಲೇ ಉಳಿದವು: ನಮ್ಮ ಹೊಟ್ಟೆಯಲ್ಲಿರುವ, 1836ರಲ್ಲಿ ಥಿಯೋಡರ್ ಶ್ವಾನ್ ಹೆಸರಿಟ್ಟ ಪೆಪ್ಸಿನ್ ಹಾಗೆ. ಬಳೆ ಮಾರುವವರು ಬಳೆಗಾರ, ಉರ್ದುವಿನಲ್ಲಿ ದುಕಾನ್ ಇಟ್ಟವರು ದುಕಾನ್‌ದಾರ್. ಹಾಗೆಯೇ "ಏಸ್" ಎಂದರೆ "ಗಾರ" ಎಂದುಕೊಳ್ಳಿ. ಪ್ರೋಟೀನಿನ ಮೇಲೆ ಕೆಲಸ ಮಾಡುವವನು ಪ್ರೋಟಿಯೇಸ್. ಕೊಕೂನ್, ಅಂದರೆ ಗೂಡಿನ ಮೇಲೆ ಕೆಲಸ ಮಾಡುವವನು ಕೊಕೂನೇಸ್. ಇಷ್ಟು ತಿಳಿದರೆ ಸೈನ್ಸ್ ಪುಸ್ತಕದ ಅರ್ಧ ಹೆಸರುಗಳು ತಾವೇ ಬಾಯಿ ಬಿಡುತ್ತವೆ.

ಇನ್ನು ಗೂಡಿನ ವಿಷಯ. ರೇಷ್ಮೆ ಎಳೆಯ ಒಳತಿರುಳು ಫೈಬ್ರೊಯಿನ್ ಎಂಬ ಪ್ರೋಟೀನು. ಎಳೆಗಳನ್ನು ಒಂದಕ್ಕೊಂದು ಅಂಟಿಸಿರುವ ಗೋಂದು ಸೆರಿಸಿನ್, ಅದೂ ಪ್ರೋಟೀನು. 1964ರಲ್ಲಿ ಫೋಟಿಸ್ ಕಫಾಟೋಸ್ ಮತ್ತು ಕ್ಯಾರಲ್ ವಿಲಿಯಮ್ಸ್ ಎಂಬ ವಿಜ್ಞಾನಿಗಳು ರೇಷ್ಮೆ ಚಿಟ್ಟೆಗಳು ಗೂಡಿನಿಂದ ಹೇಗೆ ಹೊರಬರುತ್ತವೆ ಎಂದು ತೋರಿಸಿದರು. ಅವರು ನೋಡಿದ್ದು ನಮ್ಮ ತಸರ್ ಹುಳುವಿನ ಬಳಗದ ಚಿಟ್ಟೆಗಳನ್ನು. ಈ ಕಿಣ್ವ ಚಿಟ್ಟೆಯ ಬಾಯಿಯ ಬಳಿ ಒಣಗಿ ಕೂತಿರುತ್ತದೆ. ಹೊರಡುವ ಹೊತ್ತಿಗೆ ಚಿಟ್ಟೆ ದ್ರವ ಸುರಿಸಿ ಅದನ್ನು ಕರಗಿಸುತ್ತದೆ. ಕಿಣ್ವ ಗೋಂದನ್ನು ಸಡಿಲಿಸುತ್ತದೆ, ಎಳೆಯ ತಿರುಳನ್ನು ತಿನ್ನುವುದಿಲ್ಲ. ಆಮೇಲೆ ಚಿಟ್ಟೆ ಎಳೆಗಳನ್ನು ತಳ್ಳಿಕೊಂಡು ದಾರಿ ಮಾಡಿಕೊಳ್ಳುತ್ತದೆ.

ಆ ಸಂಜೆ ಇದನ್ನೆಲ್ಲ ಅಬ್ಬಾಗೆ ಹೇಳಿದೆ. ಅವರು ಓದಿದ್ದು ಏಳನೇ ತರಗತಿ. ಕೇಳಿ ಹೇಳಿದರು: "ನಾಮ್ ಆಜ್ ಮಾಲೂಮ್ ಹುವಾ ಬೇಟಾ, ಕಾಮ್ ತೀಸ್ ಸಾಲ್ ಸೇ ಮಾಲೂಮ್ ಹೈ." ಹೆಸರು ಇವತ್ತು ಗೊತ್ತಾಯಿತು, ಅದರ ಕೆಲಸ ಮೂವತ್ತು ವರ್ಷದಿಂದ ಗೊತ್ತು.

ಅವರ ಮಾತು ನಿಜ. ಹಾಗಾದರೆ ಹೆಸರಿನಿಂದ ಏನು ಉಪಯೋಗ? ಈ ಪ್ರಶ್ನೆಯನ್ನು ನಾನೇ ಕೇಳಿಕೊಂಡೆ. ಹೆಸರು ತಿಳಿದ ಮಾತ್ರಕ್ಕೆ ಹೋದ ನೂಲು ವಾಪಸ್ ಬರಲಿಲ್ಲ. ಆದರೆ ಅಬ್ಬಾ ಇಷ್ಟು ವರ್ಷ ಚಿಟ್ಟೆ ಎಳೆಯನ್ನು ಕಚ್ಚಿ ಕತ್ತರಿಸುತ್ತದೆ ಎಂದುಕೊಂಡಿದ್ದರು. ಅದಕ್ಕೆ ಕಚ್ಚುವ ಬಾಯೇ ಇಲ್ಲ, ಅದು ಗೋಂದನ್ನು ಬಿಡಿಸುತ್ತದೆ ಎಂದಾಗ ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ, "ನಾನು ಬೇಸಿನ್ನಿನಲ್ಲಿ ಬಿಸಿನೀರು ಹಾಕಿ ಮಾಡುವುದೂ ಅದನ್ನೇ ಅಲ್ಲವಾ" ಎಂದರು. ಬಿಸಿನೀರಿನಲ್ಲಿ ಗೂಡು ಬೇಯಿಸುವುದೇ ಆ ಗೋಂದು ಮೆತ್ತಗಾಗಿ ಎಳೆಯ ತುದಿ ಸಿಗಲೆಂದು. ಅಂದರೆ ರೀಲರ್ ಮತ್ತು ಚಿಟ್ಟೆ ಇಬ್ಬರದೂ ಒಂದೇ ಕೆಲಸ. ಈ ಮಾತು ನನಗೆ ಯಾವ ಪುಸ್ತಕದಲ್ಲೂ ಕಂಡಿರಲಿಲ್ಲ. ಪದ ಮನೆಗೆ ಬಂದದ್ದರಿಂದ ಹುಟ್ಟಿದ ಮಾತು ಅದು. ತಸರ್ ಗೂಡು ಬೇಯಿಸಲು ಈ ಕಿಣ್ವವನ್ನೇ ಬಳಸುವ ಪ್ರಯೋಗಗಳು ನಮ್ಮ ದೇಶದಲ್ಲಿ ನಡೆದಿವೆ ಎಂದು ಆಮೇಲೆ ಓದಿದೆ. ವಿಜ್ಞಾನಿಗಳಿಗೂ ಅಬ್ಬಾಗೂ ಹೊಳೆದದ್ದು ಒಂದೇ ದಾರಿ.

ಅಡುಗೆಮನೆಗೆ ಬನ್ನಿ. ಅಮ್ಮಿ ಕಬಾಬಿಗೆ ಮಾಂಸ ಕಲಸುವಾಗ ಹಸಿ ಪರಂಗಿಕಾಯಿಯನ್ನು ಸಿಪ್ಪೆ ಸಮೇತ ಅರೆದು ಹಾಕುತ್ತಾರೆ. ಮಾಂಸ ಬೇಗ ಮೆತ್ತಗಾಗುತ್ತದೆ. ಆ ಕಾಯಿಯ ಹಾಲಿನಲ್ಲಿರುವುದು ಪಪೇನ್, ಅದೂ ಪ್ರೋಟೀನು ತುಂಡು ಮಾಡುವ ಕಿಣ್ವವೇ. ಒಂದು ಗಂಟೆ ಇಟ್ಟರೆ ಕಬಾಬ್, ರಾತ್ರಿಯಿಡೀ ಮರೆತರೆ ಮುದ್ದೆ. ಅಬ್ಬಾಗೆ ಗೂಡಿನಲ್ಲಿ ದಿನದ ಲೆಕ್ಕ, ಅಮ್ಮಿಗೆ ಪರಂಗಿಯಲ್ಲಿ ಗಂಟೆಯ ಲೆಕ್ಕ. ಇಬ್ಬರೂ ಕಾಯುತ್ತಿರುವುದು ಒಂದೇ ಜಾತಿಯ ಕಿಣ್ವವನ್ನು.

ಬಟ್ಟೆ ಒಗೆಯುವ ಪುಡಿಯ ಪೊಟ್ಟಣದ ಮೇಲೆ "ಎಂಜೈಮ್" ಎಂದು ದೊಡ್ಡದಾಗಿ ಬರೆದಿರುತ್ತಾರೆ. ರಕ್ತ, ಹಾಲು, ಮೊಟ್ಟೆಯ ಕಲೆ ತೆಗೆಯಲು ಅದರಲ್ಲಿ ಪ್ರೋಟಿಯೇಸ್ ಇರುತ್ತದೆ. ಅದೇ ಕಾರಣಕ್ಕೆ ರೇಷ್ಮೆ, ಉಣ್ಣೆಗೆ ಇಂಥ ಪುಡಿ ಬೇಡ ಎನ್ನುತ್ತಾರೆ, ಅವೂ ಪ್ರೋಟೀನೇ ತಾನೆ. ದೊಡ್ಡ ಅಕ್ಷರದ ಪದ ಅರ್ಥವಾಗದಿದ್ದರೆ ಸಣ್ಣ ಅಕ್ಷರದ ಎಚ್ಚರಿಕೆ ಯಾಕೆಂದು ತಿಳಿಯುವುದು ಹೇಗೆ? ಕೆಲವು ಬಿಸ್ಕತ್ತು ಪೊಟ್ಟಣಗಳ ಮೇಲೆ 1101 ಎಂಬ ಸಂಖ್ಯೆ ಇರುತ್ತದೆ, ಅದು ಪ್ರೋಟಿಯೇಸ್ ಗುಂಪಿನ ಸಂಖ್ಯೆ, ಹಿಟ್ಟನ್ನು ಮೆದು ಮಾಡಲು ಹಾಕುತ್ತಾರೆ. ಕಿಣ್ವ ಗಿಡದ್ದೋ, ಸೂಕ್ಷ್ಮಜೀವಿಯದೋ, ಪ್ರಾಣಿಯದೋ ಎಂಬ ಪ್ರಶ್ನೆ ಹಲಾಲ್ ನೋಡುವ ನಮಗೂ ಮುಖ್ಯ, ಸಸ್ಯಾಹಾರಿ ಗೆಳೆಯರಿಗೂ ಮುಖ್ಯ. ಪದವೇ ಗೊತ್ತಿಲ್ಲದವರು ಪ್ರಶ್ನೆ ಕೇಳುವುದಾದರೂ ಹೇಗೆ?

"ಕಿಣ್ವ" ಎಂಬ ಪದವನ್ನು ಕಂಡು ಹೆದರುವವರಿಗೆ ಇನ್ನೊಂದು ಸಂಗತಿ. ಎಂಜೈಮ್ ಎಂಬ ಹೆಸರನ್ನು 1870ರ ದಶಕದಲ್ಲಿ ಕೊಟ್ಟವರು ಜರ್ಮನಿಯ ವಿಲ್ಹೆಲ್ಮ್ ಕ್ಯೂನೆ. ಗ್ರೀಕ್ ಭಾಷೆಯಲ್ಲಿ ಅದರ ಅರ್ಥ "ಹುಳಿಹಿಟ್ಟಿನೊಳಗೆ" ಎಂದು. ಕಿಣ್ವ ಸಂಸ್ಕೃತದಿಂದ ಬಂದದ್ದು, ಮೂಲದಲ್ಲಿ ಹುಳಿ ಬರಿಸಲು ಹಾಕುವ ಹೆಪ್ಪು. ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ಮದ್ಯ ತಯಾರಿಸುವ ಕಡೆ ಈ ಪದ ಬರುತ್ತದೆ. ಉರ್ದು ವಿಜ್ಞಾನದಲ್ಲಿ ಎಂಜೈಮಿಗೆ "ಖಾಮ್ರಾ" ಎನ್ನುತ್ತಾರೆ. ಅದು ನಮ್ಮ ಖಮೀರಿನ ಬಳಗದ್ದು, ರೋಟಿಯ ಹಿಟ್ಟು ಉಬ್ಬಿಸುವ ಅದೇ ಖಮೀರ್. ಮೂರು ಭಾಷೆಯವರೂ ಹಿಟ್ಟಿನ ಪಾತ್ರೆ, ಹೆಪ್ಪಿನ ಮಡಕೆಯ ಪದದಿಂದಲೇ ಹೆಸರಿಟ್ಟಿದ್ದಾರೆ. ಅಡುಗೆಮನೆಯಿಂದ ಹೋದ ಪದ ಪ್ರಯೋಗಾಲಯ ಸೇರಿದ ಮೇಲೆ ಮನೆಯವರಿಗೇ ಅಪರಿಚಿತವಾಯಿತು. ನನ್ನ ದೂರು ಇಷ್ಟೇ.

ಕನ್ನಡದಲ್ಲಿ ಹೇಳಬೇಕೇ, ಇಂಗ್ಲಿಷಿನಲ್ಲೇ ಇರಬೇಕೇ ಎಂಬ ಜಗಳ ನನಗೆ ಬೇಡ. ಕಿಣ್ವ ಎನ್ನಿ, ಎಂಜೈಮ್ ಎನ್ನಿ, ಖಾಮ್ರಾ ಎನ್ನಿ. ಅದು ಏನು ಮಾಡುತ್ತದೆ ಎಂದು ಒಂದು ವಾಕ್ಯದಲ್ಲಿ ಹೇಳಿ, ಸಾಕು. "ನಿಮ್ಮ ಸಬ್ಜೆಕ್ಟ್ ಅಲ್ಲ" ಎಂದು ಮಾತ್ರ ಹೇಳಬೇಡಿ. ನಮ್ಮ ಕಾಮರ್ಸ್‌ನವರದೂ ತಪ್ಪಿದೆ. ಸಾಮಾನ್ಯ ನಷ್ಟ, ಅಸಾಮಾನ್ಯ ನಷ್ಟ ಎಂಬ ವ್ಯತ್ಯಾಸವನ್ನು ನಾವು ಯಾರಿಗೂ ಬಿಡಿಸಿ ಹೇಳುವುದಿಲ್ಲ. ಗೂಡು ಒಣಗಿಸುವಾಗ ತೂಕ ಇಳಿಯುವುದು ಸಾಮಾನ್ಯ ನಷ್ಟ, ಅದನ್ನು ಮೊದಲೇ ದರದಲ್ಲಿ ಹಿಡಿಯಬೇಕು. ಚಿಟ್ಟೆ ಹಾರುವುದು ಅಸಾಮಾನ್ಯ ನಷ್ಟ, ಅದನ್ನು ಬೇರೆಯಾಗಿ ಬರೆದು ಕಾರಣ ಹುಡುಕಬೇಕು. ಇದನ್ನು ಹೇಳಿದ ಮೇಲೆಯೇ ಅಬ್ಬಾ, ಒಣಗಿಸಲು ಜಾಗ ಇರುವಷ್ಟೇ ಗೂಡು ಕೊಳ್ಳುವುದೆಂದು ತೀರ್ಮಾನಿಸಿದ್ದು. ಒಂದು ಪದ ಸೈನ್ಸ್‌ನಿಂದ ಬಂತು, ಒಂದು ಕಾಮರ್ಸ್‌ನಿಂದ. ಎರಡೂ ಸೇರಿದ್ದು ನಮ್ಮ ಶೆಡ್ಡಿನಲ್ಲಿ.

ಹೋದ ತಿಂಗಳು ಆ ಗೆಳತಿಯನ್ನು ಮನೆಗೆ ಕರೆದೊಯ್ದಿದ್ದೆ. ಕೊಕೂನೇಸ್ ಬಗ್ಗೆ ಅಷ್ಟೆಲ್ಲ ಹೇಳಿದವಳು ಬೇಸಿನ್ ಮುಂದೆ ಕೂತು ಎಷ್ಟು ಹುಡುಕಿದರೂ ಎಳೆಯ ತುದಿ ಸಿಗಲಿಲ್ಲ. ಅಬ್ಬಾ ಬೆರಳಾಡಿಸಿ ಒಂದೇ ಸಲಕ್ಕೆ ಎತ್ತಿಕೊಟ್ಟರು. "ಚಾಚಾ, ಇದನ್ನು ಯಾವ ಲ್ಯಾಬಿನಲ್ಲೂ ಹೇಳಿಕೊಡಲ್ಲ" ಎಂದಳು. ಅಬ್ಬಾ ಅಷ್ಟು ಖುಷಿಯಿಂದ ನಕ್ಕದ್ದನ್ನು ಆ ಮಳೆಯ ವಾರದ ನಂತರ ನಾನು ನೋಡಿರಲಿಲ್ಲ.

ಅದಕ್ಕೇ ನಮ್ಮ ಉಪನ್ಯಾಸಕರಲ್ಲಿ, ಗೆಳೆಯರಲ್ಲಿ ಒಂದು ವಿನಂತಿ. ಲೈಬ್ರರಿ ಪಕ್ಕದ ನೋಟಿಸ್ ಬೋರ್ಡಿನ ಒಂದು ಮೂಲೆಯನ್ನು "ವಾರಕ್ಕೊಂದು ಪದ"ಕ್ಕೆ ಬಿಟ್ಟುಕೊಡಿ. ಒಂದು ವಾರ ಸೈನ್ಸ್, ಒಂದು ವಾರ ಕಾಮರ್ಸ್, ಒಂದು ವಾರ ಆರ್ಟ್ಸ್. ಪದ ಒಂದೇ ಇರಲಿ, ಕನ್ನಡ, ಉರ್ದು, ಇಂಗ್ಲಿಷ್ ಮೂರರಲ್ಲೂ ಬರೆಯೋಣ. ಅದರ ಕೆಳಗೆ ಎರಡೇ ಸಾಲು: ಅದು ಏನು ಮಾಡುತ್ತದೆ, ನಮ್ಮ ಊರಿನಲ್ಲಿ ಯಾರ ಕೆಲಸದಲ್ಲಿ ಅದು ಇದೆ. ಎರಡನೇ ಸಾಲು ಬರೆಯಲು ಮನೆಯಲ್ಲಿ ಕೇಳಲೇಬೇಕಾಗುತ್ತದೆ. ಹಾಗೆ ಕೇಳಲೆಂದೇ ಈ ಸಲಹೆ.

ಮೊದಲ ವಾರದ ಪದ ನಾನೇ ಬರೆದು ತರುತ್ತೇನೆ. ಎರಡನೇ ಸಾಲನ್ನು ಅಬ್ಬಾ ಹೇಳುತ್ತಾರೆ, ನಾನು ಬರೆದುಕೊಳ್ಳುತ್ತೇನೆ.

– ದ್ವಿತೀಯ ಪಿಯುಸಿ, ವಾಣಿಜ್ಯ ವಿಭಾಗ