ತಿಳಿವು ಭಯಕ್ಕಿಂತ ಮುಂಚೆ ಬರಲಿ

ಹೆಣ್ಣುಮಗು ಮೈನೆರೆದಾಗ ಕೂರಿಸಿ ಆರತಿ ಎತ್ತುವ ವಾಡಿಕೆ ನಮ್ಮಲ್ಲಿ ಹಳೆಯದು. ಸುದ್ದಿಯು ಕೇರಿಗೆಲ್ಲ ತಿಳಿಯುತ್ತದೆ. ಆದರೆ ತನ್ನ ದೇಹದಲ್ಲಿ ನಡೆದುದೇನೆಂಬುದು ಆ ಮಗುವಿಗೇ ತಿಳಿಯದೆ ಉಳಿಯುವುದುಂಟು. ಗಂಡುಮಕ್ಕಳಿಗಾದರೋ ಬರಿಯ ಮೌನವೇ ಗತಿ.

ಮೌನವಿದ್ದೆಡೆ ಭಯವು ಬೆಳೆಯುತ್ತದೆ. ಸ್ವಿಟ್ಸರ್ಲೆಂಡಿನ ವೈದ್ಯನಾದ ಟಿಸ್ಸೋ ಎಂಬಾತನು ವೀರ್ಯನಷ್ಟದಿಂದ ಶರೀರವೇ ಕ್ಷಯಿಸುವುದೆಂದು 1760ರಲ್ಲಿ ಗ್ರಂಥ ಬರೆದನು. ಅಂತಹ ಹೆದರಿಕೆಯನ್ನೇ ಬಂಡವಾಳ ಮಾಡಿಕೊಂಡ ನಕಲಿ ವೈದ್ಯರ ಜಾಹೀರಾತುಗಳು ಇಂದಿಗೂ ನಮ್ಮ ಗೋಡೆಗಳ ಮೇಲಿವೆ.

ವಿಜ್ಞಾನವು ಬೇರೆಯೇ ದಾರಿ ಹಿಡಿಯಿತು. ‘ಹಾರ್ಮೋನು’ ಎಂಬ ಹೆಸರು 1905ರಲ್ಲಿ ಬಳಕೆಗೆ ಬಂದಿತು. 1929ರಲ್ಲಿ ಈಸ್ಟ್ರೋನ್, 1935ರಲ್ಲಿ ಟೆಸ್ಟೋಸ್ಟೆರೋನ್ ಶುದ್ಧರೂಪದಲ್ಲಿ ದೊರೆತವು. ಮೆದುಳಿನ ಸೂಚನೆ ಪಡೆದ ಪಿಟ್ಯುಟರಿ ಗ್ರಂಥಿಯು ಅಂಡಾಶಯವನ್ನೋ ವೃಷಣಗಳನ್ನೋ ಪ್ರಚೋದಿಸುವುದರಿಂದಲೇ ಹರೆಯವು ಮೂಡುತ್ತದೆ. ಋತುಸ್ರಾವವು ಮೈಲಿಗೆಯಲ್ಲ, ಸ್ವಪ್ನಸ್ಖಲನವು ರೋಗವಲ್ಲ.

ಶಿಕ್ಷಣವು ಮಾತ್ರ ಹಿಂದೆಯೇ ಉಳಿಯಿತು. 1927ರಲ್ಲಿ ‘ಸಮಾಜಸ್ವಾಸ್ಥ್ಯ’ವೆಂಬ ಮರಾಠಿ ಮಾಸಪತ್ರಿಕೆಯನ್ನಾರಂಭಿಸಿ ಈ ವಿಷಯಗಳನ್ನು ಬಿಚ್ಚಿ ಬರೆದ ರ. ಧೋಂ. ಕರ್ವೆಯವರು ಅಶ್ಲೀಲತೆಯ ಆಪಾದನೆಗೆ ಗುರಿಯಾಗಿ ನ್ಯಾಯಾಲಯದ ಮೆಟ್ಟಿಲೇರಬೇಕಾಯಿತು. ಎಂಬತ್ತು ವರ್ಷಗಳು ಕಳೆದು 2007ರಲ್ಲಿಯೂ ಹರೆಯದ ಶಿಕ್ಷಣವು ಕರ್ನಾಟಕವೂ ಸೇರಿ ಹಲವು ರಾಜ್ಯಗಳಲ್ಲಿ ಪ್ರಬಲ ವಿರೋಧವನ್ನೆದುರಿಸಿತು. 2014ರಲ್ಲಿ ಆರಂಭವಾದ ರಾಷ್ಟ್ರೀಯ ಕಿಶೋರ ಸ್ವಾಸ್ಥ್ಯ ಕಾರ್ಯಕ್ರಮವು 10ರಿಂದ 19ರ ವಯಸ್ಸಿನವರ ಪೋಷಣೆ, ಮನಸ್ಸಿನ ಆರೋಗ್ಯಗಳನ್ನೂ ಗಣನೆಗೆ ತಂದುದು ಸ್ವಾಗತಾರ್ಹ.

ತಿಳಿಸಿದರೆ ಮಕ್ಕಳು ದಾರಿ ತಪ್ಪುವರೆಂದು ಹಿರಿಯರು ಅಂಜುವರು. ಆ ಅಂಜಿಕೆಯ ಹಿಂದೆ ಮಮತೆಯಿದೆಯೆಂಬುದನ್ನು ನಾನು ಅಲ್ಲಗಳೆಯೆನು. ಆದರೆ ಭೌತಶಾಸ್ತ್ರದ ಅಧ್ಯಾಪಕನಾದ ನನಗೆ ಗ್ರಹಣದ ಪಾಠವು ನೆನಪಾಗುತ್ತದೆ. ಗ್ರಹಣದ ಕಾರಣವನ್ನು ವಿವರಿಸಿದ ಮಾತ್ರಕ್ಕೆ ಗ್ರಹಣವು ಬೇಗ ಬಾರದು. ಬಂದಾಗ ಭಯವು ಇರದು, ಅಷ್ಟೆ. ಇಂತಹ ಶಿಕ್ಷಣವು ಲೈಂಗಿಕ ಚಟುವಟಿಕೆಯನ್ನು ಹೆಚ್ಚಿಸುವುದಿಲ್ಲವೆಂದು ಯುನೆಸ್ಕೋದ 2018ರ ಮಾರ್ಗದರ್ಶಿಯೂ ಹೇಳಿದೆ.

ಹರೆಯದ ಬದಲಾವಣೆಗಳು ಸಾಮಾನ್ಯವಾಗಿ ಹುಡುಗಿಯರಲ್ಲಿ 8ರಿಂದ 13, ಹುಡುಗರಲ್ಲಿ 9ರಿಂದ 14 ವರ್ಷಗಳೊಳಗೆ ತೊಡಗುತ್ತವೆ. ಆದುದರಿಂದ ಪಾಠವು ಪ್ರೌಢಶಾಲೆಗಾಗಿ ಕಾಯಬಾರದು. ಜೀರ್ಣಾಂಗಗಳ ಪಾಠದಂತೆಯೇ ಸಹಜವಾಗಿ, ಹುಡುಗ ಹುಡುಗಿಯರಿಬ್ಬರಿಗೂ ಒಟ್ಟಿಗೆ, ಪ್ರಾಥಮಿಕ ಶಾಲೆಯಲ್ಲಿಯೇ ನಡೆಯಬೇಕು. ಪುಟವನ್ನು ಹಾರಿಸಿ ಮುಂದಕ್ಕೆ ಸಾಗುವ ಅಧ್ಯಾಪಕನು ತನ್ನ ಸಂಕೋಚವನ್ನೇ ವಿದ್ಯಾರ್ಥಿಗಳಿಗೆ ಕಲಿಸುತ್ತಾನೆ.

ವಿದ್ಯಾರ್ಥಿ ಮಿತ್ರರೇ, ಪಠ್ಯವು ಬದಲಾಗುವವರೆಗೆ ನೀವು ಕೈಕಟ್ಟಿ ಕೂರಬೇಕಾಗಿಲ್ಲ. ನಿಮ್ಮ ತಮ್ಮ ತಂಗಿಯರು ಕೇಳುವ ಪ್ರಶ್ನೆಗೆ ನಗದೆ, ಗದರದೆ, ನಿಜವಾದ ಉತ್ತರವನ್ನು ಕೊಡಿರಿ.